ಕಾಕಾನ ಹಣಿ ಭಂಡಾರ ಒರಸಿದವ್ರು ಯಾರು?

ಫೋನಿನ್ಯಾಗ ಚಿತ್ರ ಮಾಡೋ ಎಐ ಮ್ಯಾಲ ನನಗ ಈಗ ಒಂದೀಟೂ ನಂಬಿಗಿ ಇಲ್ರಿ. ಯಾಕಂತ ಕೇಳ್ರಿ.

ಮೂಡಲಗಿಯೊಳಗ ಹೊಸಾ ಮನಿ ಕಟ್ಟಿಸಿದ್ವಿ. ನಾವು ಕುರಿ ಕಾಯೋ ಮಂದಿ. ನಮ್ಮ ಮನ್ಯಾಗ ಹಿರ್ಯಾ ಆದಂವ ಹೊಸ್ತಿಲಕ್ಕ ಭಂಡಾರ, ಅಂದ್ರ ದೇವರ ಅರಿಷಿಣ ಪುಡಿ, ಹಾರಿಸಿದ ಮ್ಯಾಲನ ಉಳಿದವ್ರು ಒಳಗ ಕಾಲಿಡೂದು. ಆ ಹಿರ್ಯಾ ಹಿಡಕಲ್‌ದಾಗಿರೋ ನಮ್ಮ ಕಾಕಾ. ಅದಕ್ಕ ಆಮಂತ್ರಣದಾಗ ಅವನ ಫೋಟೋನ ಹಾಕೋಣು ಅಂದ್ನಿ.

ಒಂದ ಫೋಟೋ ಚೊಲೋ ಇತ್ತು. ಹೆಗಲಮ್ಯಾಲ ಕರೀ ಕಂಬಳಿ, ಹಣಿ ತುಂಬ ಭಂಡಾರ, ಬಾಜೂಕ ಕರೀ ಕುರಿ. ಹಿಂದ ಯಾರದೋ ಬೈಕ್ ನಿಂತಿತ್ತು. "ಬೈಕ್ ಅಷ್ಟ ತಗಿ" ಅಂತ ಎಐಗೆ ಹೇಳಿದ್ನಿ. ತಗೀತು. ಗಡಿಬಿಡ್ಯಾಗ ಗೋಕಾಕ, ಹುಕ್ಕೇರಿ, ಎಲ್ಲಾ ಬೀಗರಿಗೂ ಕಳಿಸೇಬಿಟ್ನಿ.

ಸಂಜಿಕ ಕಾಕಾನ ಫೋನು.

"ಏನಲೇ, ನನ್ನ ಹಣಿ ಯಾರ ಒರಸ್ಯಾರ?"

ನೋಡ್ತೀನಿ, ಹಣಿ ಬೋಳ! ಕಂಬಳಿ ಹೋಗಿ ಬಿಳೀ ಶಾಲು. ಕುರಿ ಗುಂಗರ ಕೂದಲದ್ದು, ಹಾಲಿನಂಗ ಬೆಳ್ಳಗ. ಕಾಕಾನೂ ಬೆಳ್ಳಗಾಗಿದ್ದ.

"ಎಐ ಮಾಡೇತಿ ಕಾಕಾ, ನಾ ಅಲ್ಲ."

"ಅದ್ಯಾವ ಊರಾಂವ? ಹೊಸಾ ಮನಿ ಆತು, ಬೀಗರ ಮುಂದ ಈ ಕಾಕಾ ಅಂದ್ರ ನಾಚಿಗಿ ಆತೇನ? ನಾ ಬರೂದಿಲ್ಲ. ಆ ಬಿಳೀ ಮುದುಕನ್ನ ಕರಕೊಂಡ ಒಳಗ ಹೋಗ್ರಿ!"

ಭಂಡಾರ ಹಚ್ಚಿದ ಹಣಿ ನಮ್ಮಲ್ಲಿ ಯಾರೂ ಒರಸೂದಿಲ್ರಿ. ಅವನ ಸಿಟ್ಟು ಖರೇನ ಇತ್ತು.

"ಹಣಿಗಿ ಅರಿಷಿಣ ಹಚ್ಚು" ಅಂತ ಎಐಗೆ ಹೇಳಿದ್ನಿ. ಹೋಳಿ ಆಡಿದಂಗ ಮಾರಿ ತುಂಬ ಬಣ್ಣ ಬಡದು ಕೊಡ್ತು. ಬರೇ "ಕುರಿ ಕಾಯೋ ಮುದುಕ" ಅಂದ್ರ ಮರಳು, ಒಂಟೆ, ಕೆಂಪ ಪಗಡಿ. ಘಟಪ್ರಭಾ ದಂಡ್ಯಾಗ ಒಂಟೆ ಯಾರ ಕಂಡಾರ್ರಿ? ಒಂದ ಸಲ ಆದ್ರ ತಪ್ಪು ಅನ್ನಬಹುದು. ಪ್ರತಿ ಸಲ ನಮ್ಮದ ಅಳಸಿ ಬ್ಯಾರೇವ್ರದ ಹಚ್ಚಿದ್ರ? ಹಣಿ ಮ್ಯಾಲಿನ ಹಳದಿ ಹೊಲಸು ಅಂತ ಇದಕ್ಕ ಯಾರೋ ಕಲಿಸ್ಯಾರ. ಇಲ್ಲಾ, ನಮ್ಮಂಥವ್ರ ಮಾರೀನ ತೋರ್ಸಿಲ್ಲ.

ಮರುದಿನ ಬೈಕ್ ಮ್ಯಾಲ ಹಿಡಕಲ್‌ಗೆ ಹೋಗಿ, ಮೊದಲಿಂದು, ಎಐ ತಿದ್ದಿದ್ದು, ಎರಡೂ ಫೋಟೋ ಕಾಕಾನ ಮುಂದ ಹಿಡದ್ನಿ. ಹೊಳ್ಳಿ ಹೊಳ್ಳಿ ನೋಡಿದ.

"ಒರಸಿದ್ದು ಅದು ಅಂತಿ. ಕಳಿಸಿದಂವ?"

"ನಾನ, ಕಾಕಾ. ನೋಡಲಾರದ ಕಳಿಸಿದ್ನಿ."

"ಹೂಂ. ಈಗ ಹೊಸಾ ಫೋಟೋ ತಗಿ. ನಿನ್ನ ಬೈಕೂ ಬರಲಿ, ಅದೇನ ಕಡಿಯೂದಿಲ್ಲ."

ತಗದು, ಅದನ್ನ ಇದ್ದಂಗ ಎಲ್ಲಾರಿಗೂ ಕಳಿಸಿದ್ನಿ.

ವಾಸ್ತುಶಾಂತಿ ದಿನ ಕಾಕಾ ಬಂದ. ಹೊಸ್ತಿಲಕ್ಕ ಭಂಡಾರ ಹಾರಿಸಿ ನನ್ನ ಹಣಿಗೂ ಹಚ್ಚಿದ. ಹುಕ್ಕೇರಿ ಬೀಗರು ಫೋನ್ ಎತ್ತಿ ಫೋಟೋ ಹೊಡದ್ರು. ಕಾಕಾ ಅಲ್ಲೇ ನಿಂತ.

"ಮೊದಲ ತೋರ್ಸ್ರಿ ಇಲ್ಲೆ."

ಎರಡ ಬೆರಳಲೆ ಹಿಗ್ಗಿಸಿ ತನ್ನ ಹಣಿ ನೋಡಿದ, ನನ್ನ ಹಣಿ ನೋಡಿದ. ಆಮ್ಯಾಲನ ಒಳಗ ಕಾಲಿಟ್ಟ.