ಹಸುವಿನ ಕಿವಿಯಲ್ಲಿಟ್ಟ ಹೆಸರು

ಚೊಚ್ಚಲ ಮಗನನ್ನು ನಾಲ್ಕು ಜನರೆದುರು ಮುದ್ದಿಸುವುದು ದನ ಸಾಕುವ ಫುಲ್ಬೆ ಕುಲದ ಹೆಂಗಸಿಗೆ ಸಲ್ಲದು. ಹೆಸರು ಹಿಡಿದು ಕರೆಯುವುದಂತೂ ಇಲ್ಲವೇ ಇಲ್ಲ. ಎರಡನೆಯದನ್ನು ಬೇಕಾದರೆ ಎತ್ತು, ಬೈ, ಬಾರಿಸು. ಚೊಚ್ಚಲು ಅತ್ತೆಯ ಮಡಿಲಿಗೆ ಸೇರಿದ್ದು, ಗಂಡನ ಕಡೆಯವರ ಪಾಲಿನದು. ತಾಯಿಯಾದವಳು 'ಇವನು' ಅಂದರೆ ಸಾಕು, ಬೇಕಾದವರಿಗೆ ತಿಳಿಯುತ್ತದೆ.

ತಕ್ಕೋಗೆ ಈ ಕಟ್ಟಳೆಯ ಮೇಲೆ ತಕರಾರಿರಲಿಲ್ಲ. ತಕರಾರು ಎತ್ತಲು ಪುರುಸೊತ್ತೂ ಇರಲಿಲ್ಲ. ನಸುಕಿಗೆ ಹಾಲು ಕರೆಯಬೇಕು, ಮೊಸರು ಕಡೆಯಬೇಕು, ಸೋರೆಬುರುಡೆಗಳನ್ನು ತಲೆಯ ಮೇಲಿಟ್ಟುಕೊಂಡು ಪೇಟೆಗೆ ನಡೆದು, ಹಾಲು ಅಳೆದುಕೊಟ್ಟು ಸಜ್ಜೆ ತರಬೇಕು. ಗಂಡ ಸತ್ತಾಗಲೂ ಅವಳ ಮುಖ ಕದಲಿದ್ದನ್ನು ಯಾರೂ ಕಾಣಲಿಲ್ಲ. ತಕ್ಕೋಳ ಮುಖ ತೊಳೆದಿಟ್ಟ ಬಂಡೆ ಅಂತ ಓರಗಿತ್ತಿಯರು ಆಡಿಕೊಂಡರು. ಅವಳದನ್ನು ಹೊಗಳಿಕೆ ಎಂದೇ ತೆಗೆದುಕೊಂಡಳು.

ಅವಳದ್ದೊಂದೇ ಕಳ್ಳತನ. ಹಾಲು ಕರೆಯುವಾಗ ಹಸು ಸೊರೆ ಬಿಡಬೇಕಾದರೆ ಕರು ಒಂದೆರಡು ಗುಟುಕು ಕುಡಿಯಬೇಕು, ಆಮೇಲೆ ಕರೆಯುವವಳ ದನಿಯೂ ಬೇಕು. ಒಬ್ಬಳು ನಾಲಿಗೆ ಲೊಚಗುಟ್ಟಿಸುತ್ತಾಳೆ, ಇನ್ನೊಬ್ಬಳು ಗುನುಗುತ್ತಾಳೆ. ಅತ್ತೆ ಮಗುವನ್ನು ಎತ್ತಿಕೊಂಡು ಹೋದ ಮಾರನೆಯ ನಸುಕಿಗೆ ತಕ್ಕೋ ಹಸುವಿನ ಪಕ್ಕೆಗೆ ಹಣೆಯೊತ್ತಿ ಕೂತಿದ್ದಳು. 'ಹಮ್ಮಾದಿ' ಎಂದು ಮಗನ ಹೆಸರು ಬಾಯಿಂದ ಜಾರಿತು. ಹಸು ಬುಳಬುಳನೆ ಹಾಲಿಳಿಸಿತು. ಅಂದಿನಿಂದ ಅದೇ ಚಟ. ಆ ಮುದಿ ಹಸು ಸತ್ತ ಮೇಲೆ ಅದರ ಮಗಳು ವುನೆಯ ಕಿವಿಗೂ ಅದೇ ಹೆಸರು ಬಿತ್ತು. ಮನುಷ್ಯರ ಕಿವಿಗೆ ಬೀಳಲಿಲ್ಲ.

ಮಗ ಬೆಳೆದು ದನ ಕಾಯುವ ಹುಡುಗನಾದ ಮೇಲೆ ಒಂದು ವರ್ಷ, ಸಜ್ಜೆ ಕೊಯ್ಲು ಇನ್ನೇನು ಶುರುವಾಗಬೇಕು ಎನ್ನುವಾಗ ಸುದ್ದಿ ಬಂತು. ಹೊಂಡದ ದಂಡೆಯಲ್ಲಿ ಮಲಗಿದ್ದ ಹಮ್ಮಾದಿಯನ್ನು ವುನೆ ಮತ್ತಿತರ ದನಗಳ ಸಮೇತ ಸಿಪಾಯಿಗಳು ನಿನ್ನೆ ಹಿಡಿದುಕೊಂಡು ಹೋಗಿದ್ದಾರೆ, ದನಗಳ್ಳ ಅನ್ನುತ್ತಿದ್ದಾರೆ, ನಡುಹಗಲ ನಮಾಜು ಮುಗಿದ ಮೇಲೆ ರಾಜಧಾನಿಯ ಜೈಲಿಗೆ ಲಾರಿ ಹೊರಡುತ್ತದೆ. ಆ ಲಾರಿ ಹತ್ತಿದವರಲ್ಲಿ ಯಾರು ಯಾರು ತಿರುಗಿ ಬಂದರು ಎಂದು ಕೇಳಿದರೆ ಹಟ್ಟಿಯಲ್ಲಿ ಒಬ್ಬರೂ ಬಾಯಿ ಬಿಡುತ್ತಿರಲಿಲ್ಲ. ತಕ್ಕೋ ಗಂಡನ ಅಣ್ಣ ಯೇರೋನ ಹಿಂದೆ ಪೇಟೆಯ ದಾರಿ ಹಿಡಿದಳು. ಬೇವಿನ ಮರದ ಹತ್ತಿರ ಮುದುಕ ಒಮ್ಮೆ ಉಚ್ಚೆಗೆ ನಿಂತದ್ದು ಬಿಟ್ಟರೆ ಇಬ್ಬರೂ ಎಲ್ಲಿಯೂ ನಿಲ್ಲಲಿಲ್ಲ.

ಠಾಣೆಯ ಅಂಗಳದಲ್ಲಿ ಲಾರಿ ನಿಂತಿತ್ತು. ಮುಳ್ಳುಬೇಲಿಯ ದೊಡ್ಡಿಯಲ್ಲಿ ದನ. ಕೈ ಕಟ್ಟಿಸಿಕೊಂಡ ಹಮ್ಮಾದಿ ನೆಲದ ಮೇಲೆ. ಠಾಣೇದಾರ ಸಾನು ಬೊಬೊ ಜಾತಿಯವನು. ಬೊಬೊಗಳಿಗೂ ಫುಲ್ಬೆಗಳಿಗೂ ತಾತಂದಿರ ಕಾಲದಿಂದ ಚೇಷ್ಟೆಯ ನಂಟು, ಬೈದಾಡಿಕೊಳ್ಳಬೇಕು, ಸಿಟ್ಟಾಗಬಾರದು. ಯೇರೋ ಅದನ್ನೇ ನಂಬಿಕೊಂಡು ಬಂದಿದ್ದ.

"ಏ ನನ್ ಗುಲಾಮ, ಧಣಿ ಬಂದಿದೀನಿ, ಕುರ್ಚಿ ಬಿಟ್ಟು ಏಳು."

ಬೇರೆ ದಿನವಾಗಿದ್ದರೆ ಸಾನು ಇದಕ್ಕೆ ಎರಡರಷ್ಟು ತಿರುಗಿಸಿ ಕೊಡುತ್ತಿದ್ದ. ಇವತ್ತು ತಲೆಯನ್ನೇ ಎತ್ತಲಿಲ್ಲ. ಯೇರೋನ ನಗು ಹಲ್ಲಿನ ಮೇಲೆಯೇ ಒಣಗಿತು.

ಸಾನುವಿಗೂ ಕಾರಣವಿತ್ತು. ಹಿಂದಿನ ತಿಂಗಳು ತಾಯಿಯೆಂದು ಒಬ್ಬಳು, ದೊಡ್ಡಪ್ಪನೆಂದು ಒಬ್ಬ ಬಂದು ಒಬ್ಬ ಹುಡುಗನನ್ನು ನಮ್ಮವನೇ ಎಂದು ಬಿಡಿಸಿಕೊಂಡು ಹೋಗಿದ್ದರು. ಅದೇ ವಾರ ಪಕ್ಕದ ಊರಿನ ದನವೆಲ್ಲ ಮಾಯ, ಕಾವಲಿನವನ ಕತ್ತು ಸೀಳಿಹೋಗಿತ್ತು. ಮೇಲಿನವರು ಸಾನುವನ್ನು ಉಗಿದು ಉಪ್ಪು ಹಾಕಿದ್ದರು.

"ದೊಡ್ಡಪ್ಪಂದಿರು ಸಂತೇಲಿ ಬಾಡಿಗೆಗೆ ಸಿಗ್ತಾರೆ" ಎಂದ. "ತಾಯಿ ಹೇಳ್ಲಿ. ಯಾರಮ್ಮ ಇವ್ನು?"

"ನಮ್ಮನೆಯವ್ನು" ಎಂದಳು ತಕ್ಕೋ.

"ಹೆಸ್ರು?"

ಅವಳು ನೆಲ ನೋಡಿದಳು. ಎದುರಿಗೆ ಮಗ, ಪಕ್ಕದಲ್ಲಿ ಭಾವ. ಯೇರೋ ನಡುವೆ ಬಾಯಿ ಹಾಕಿ ಚೊಚ್ಚಲ ಮಗನ ಕಟ್ಟಳೆಯನ್ನು ಬಿಡಿಸಿ ಹೇಳಿದ.

"ಕಟ್ಟಳೆ ನಂಗೂ ಗೊತ್ತು ಮುದ್ಕ. ಕಳ್ಳರಿಗೂ ಗೊತ್ತು."

ಸಾನು ಸಿಪಾಯಿಗೆ ಸನ್ನೆ ಮಾಡಿದ. ಕೋಲು ಹಮ್ಮಾದಿಯ ಬೆನ್ನಿಗೆ ಬಿತ್ತು. ಸಾನು ಹುಡುಗನನ್ನು ನೋಡುತ್ತಿರಲಿಲ್ಲ, ತಕ್ಕೋಳ ಮುಖ ನೋಡುತ್ತಿದ್ದ. ಮತ್ತೆ ಬಿತ್ತು. ನೋವನ್ನು ಮುಖಕ್ಕೆ ಹತ್ತಗೊಡುವವನು ಗಂಡಸಲ್ಲ ಎಂದು ಹಟ್ಟಿಯೆಲ್ಲ ಸೇರಿ ಕಲಿಸಿ ಬೆಳೆಸಿದ ಹುಡುಗ. ದೂರದ ಮೋಡ ನೋಡುವವನ ಹಾಗೆ ಕೂತಿದ್ದ. ಏಟು ಬಿದ್ದಷ್ಟೂ ತಾಯಿ ಮಗ ಇಬ್ಬರೂ ಇನ್ನಷ್ಟು ಕಲ್ಲಾದರು. ಕಲ್ಲಾದಷ್ಟೂ ಸಾನುವಿನ ಅನುಮಾನ ಗಟ್ಟಿಯಾಯಿತು. ತಕ್ಕೋಳ ಬಾಯಿ ತುಂಬ ರಕ್ತದ ಉಪ್ಪು, ನಾಲಿಗೆ ಕಚ್ಚಿಕೊಂಡಿದ್ದಳು. ಕಾಲ ಹೆಬ್ಬೆರಳು ಮರಳಿನಲ್ಲಿ ಪೂರ್ತಿ ಹೂತುಹೋಗಿತ್ತು. ಅದನ್ನು ಯಾರು ನೋಡುತ್ತಾರೆ. ದೊಡ್ಡಿಯೊಳಗೆ ದನಗಳು ಮಾತ್ರ ಪ್ರತಿ ಏಟಿಗೂ ಬೆಚ್ಚಿ ಒಂದರ ಮೇಲೊಂದು ಬೀಳುತ್ತಿದ್ದವು.

"ಕತ್ತೆಗೆ ಹೊಡೆದ್ರೆ ಪಕ್ಕದ ಕತ್ತೆ ಕಿವಿನಾದ್ರೂ ಅಲ್ಲಾಡಿಸ್ತದೆ" ಎಂದ ಸಾನು. "ಇವ್ಳು ಇವನ ತಾಯಲ್ಲ. ಹತ್ಸು ಲಾರಿಗೆ."

ಲಾರಿ ಕೆಮ್ಮಿ ಹೊಗೆ ಕಾರಿತು. ಹಮ್ಮಾದಿಯನ್ನು ರಟ್ಟೆ ಹಿಡಿದು ಎಬ್ಬಿಸಿದರು.

ಯೇರೋ ತಟ್ಟನೆ ಎದ್ದ. "ಉಚ್ಚೆ ಹೊಯ್ದು ಬರ್ತೀನಿ" ಎಂದು ಯಾರನ್ನೂ ನೋಡದೆ ಹೇಳಿ ಗೇಟು ದಾಟಿ ಹೋದ. ರಸ್ತೆಯಾಚೆ ಈ ಕಡೆಗೆ ಬೆನ್ನು ಮಾಡಿ, ಎರಡೂ ಕಿವಿ ಮುಚ್ಚುವಂತೆ ರುಮಾಲು ಬಿಗಿದು ನಿಂತ. ತಕ್ಕೋಗೆ ಅರ್ಥವಾಯಿತು. ಭಾವ ಇಲ್ಲಿಲ್ಲ. ಭಾವನಿಗೆ ಕೇಳಿಸುವುದಿಲ್ಲ.

ಆದರೂ ಮಗನ ಮುಖಕ್ಕೆ ಮುಖ ಕೊಟ್ಟು ಹೇಳಲು ನಾಲಿಗೆ ಏಳಲಿಲ್ಲ. ಅವಳಿಗೆ ಅಭ್ಯಾಸವಿದ್ದದ್ದು ಒಂದೇ ಕಡೆ. ಲಾರಿಗೆ ಬೆನ್ನು ತಿರುಗಿಸಿ ದೊಡ್ಡಿಯತ್ತ ನಡೆದಳು. ಸಿಪಾಯಿಗಳು ಓಡಿಹೋಗುತ್ತಾಳೇನೋ ಎಂದು ಕೋಲೆತ್ತಿದರು. ಮುಳ್ಳಿನ ಸಂದಿಗೆ ಹಣೆಯಾನಿಸಿ ಹೇಳಿದಳು.

"ಹಮ್ಮಾದಿ."

ದನಿ ಏಳಲೇ ಇಲ್ಲ, ಬರೀ ಉಸಿರು. ಆದರೆ ಮಂದೆಯ ನಡುವೆ ಎರಡು ಕಿವಿ ತಿರುಗಿದವು. ಹಿಂದಿನ ದಿನದಿಂದ ಕರೆಯದೆ ಕೆಚ್ಚಲು ಕಲ್ಲಾಗಿದ್ದ ವುನೆ, ಎದುರಿಗಿದ್ದವನ್ನೆಲ್ಲ ಕೊಂಬಿನಿಂದ ಸರಿಸಿ ಬೇಲಿಯತನಕ ಬಂತು. ಹಿಂಗಾಲು ಅಗಲಿಸಿ ನಿಂತಿತು. ತಕ್ಕೋ ಎರಡನೆಯ ಸಲ ಹೇಳಿದಳು, ಈ ಸಲ ಇಡೀ ಅಂಗಳಕ್ಕೆ ಕೇಳುವ ಹಾಗೆ. ವುನೆ ಅಂಬಾ ಎಂದಿತು. ಮುಟ್ಟುವವರಿಲ್ಲದೆ ನಾಲ್ಕೂ ಮೊಲೆಯಿಂದ ಹಾಲು ಸೋರಿ ಸಗಣಿಯ ಮೇಲೆ ಬೀಳತೊಡಗಿತು.

ಸಾನು ಎದ್ದು ಬಂದ. ಅವನೂ ರೈತನ ಮಗ. ನೆಲದ ಮೇಲಿನ ಬಿಳಿ ಹಾಲನ್ನು ನೋಡಿದ, ಹಸುವನ್ನು ನೋಡಿದ, ಆಮೇಲೆ ಹುಡುಗನನ್ನು. ಹಿಡಿದಾಗ ಹುಡುಗ ಹೇಳಿದ್ದೂ ಅದೇ ಹೆಸರು. ಹಮ್ಮಾದಿ ಒಂದು ಕಾಲನ್ನು ಲಾರಿಯ ಮೇಲಿಟ್ಟವನು ಹಾಗೆಯೇ ನಿಂತಿದ್ದ. ಕೋಲಿಗೆ ಅಲುಗದ ಆ ಮುಖ ಹಿಂಡಿದ ಬಟ್ಟೆಯಂತಾಗಿತ್ತು. ಮುಚ್ಚಿಕೊಳ್ಳೋಣವೆಂದರೆ ಕೈ ಕಟ್ಟಿದ್ದರು. ಹಲಗೆಗೆ ಹಣೆ ಒತ್ತಿಕೊಂಡ. ಬೆನ್ನು ಮಾತ್ರ ಕುಲುಕುತ್ತಿತ್ತು.

"ಮನುಷ್ಯರಿಗೆ ಪಾಠ ಹೇಳ್ಕೊಡಬೋದು. ಇದಕ್ಕೆ ಯಾರು ಹೇಳ್ಕೊಡ್ತಾರೆ" ಎಂದ ಸಾನು. "ಬಿಚ್ರೋ ಅವನ್ನ."

ಬಿಟ್ಟರು. ಪುಕ್ಕಟೆಯಾಗಿ ಅಲ್ಲ, ಠಾಣೆಯ ಖರ್ಚಿಗೆಂದು ಒಂದು ಹೋರಿಯನ್ನು ಉಳಿಸಿಕೊಂಡರು. ಬಿದ್ದ ಏಟುಗಳ ಮಾತನ್ನು ಯಾರೂ ಎತ್ತಲಿಲ್ಲ, ಎತ್ತಿದ್ದರೆ ಇನ್ನೊಂದು ಹೋರಿ ಹೋಗುತ್ತಿತ್ತು. ಸಾನು ಗೇಟಿನತನಕ ಬಂದು ಕೂಗಿದ.

"ಏ ಹಸೂಗೆ ಹುಟ್ಟಿದವ್ನೇ, ನಿನ್ ಉಚ್ಚೆ ಮುಗೀತಾ?"

ಯೇರೋ ರುಮಾಲು ಸಡಿಲಿಸಿಕೊಂಡ. "ಮುಗೀತು ಕಣೋ ಹೆಂಡಗುಡುಕ. ಒಳಗೇನಾಯ್ತು, ನಂಗೊಂದೂ ಕೇಳಿಸ್ಲಿಲ್ಲ."

ಹಾದಿಯಲ್ಲಿ ತಕ್ಕೋ ಮುಂದೆ, ದನ ನಡುವೆ, ಹುಡುಗ ಕೊನೆಗೆ.

ಮರುದಿನ ನಸುಕಿಗೆ ತಕ್ಕೋ ವುನೆಯ ಪಕ್ಕೆಗೆ ಹಣೆಯೊತ್ತಿ ಕೂತಳು. ಕರುವನ್ನು ಬಿಟ್ಟು ಎಳೆದು ಕಟ್ಟಿಯಾಗಿತ್ತು. ಬಾಯಿ ತೆರೆಯಲಿಲ್ಲ. ಹಸು ಸೊರೆ ಬಿಡಲಿಲ್ಲ. ತಿರುಗಿ ನೋಡಿ ಬಾಲದಿಂದ ಅವಳ ಕೆನ್ನೆಗೆ ಬಾರಿಸಿತು. ಠಾಣೆಯ ಸುದ್ದಿ ಆಗಲೇ ಹಟ್ಟಿ ಸೇರಿತ್ತು. ಗುಡಿಸಲುಗಳಲ್ಲಿ ಓರಗಿತ್ತಿಯರೆಲ್ಲ ಉಸಿರು ಬಿಗಿಹಿಡಿದು ಕಾದಿದ್ದಾರೆಂದು ಅವಳಿಗೆ ಗೊತ್ತಿತ್ತು.

ಆಗ ಗುಡಿಸಲ ಹಿಂದೆ ಹಮ್ಮಾದಿ ಜೋರಾಗಿ ಕೆಮ್ಮಿದ. ಕೋಲೆತ್ತಿಕೊಂಡು, ಬೇಕಿಲ್ಲದಿದ್ದರೂ ಹೋರಿಗಳನ್ನು ಗದರಿಸುತ್ತ, ಇಡೀ ಹಟ್ಟಿಗೆ ತಿಳಿಯುವಷ್ಟು ಗದ್ದಲ ಮಾಡುತ್ತ ಬಯಲಿನತ್ತ ನಡೆದ. ದನಿ ದೂರವಾಗುತ್ತ ಹೋಯಿತು. ಅದು ಪೂರ್ತಿ ಅಡಗುವತನಕ ಅವಳು ಕಾದಳು. ಆಮೇಲೆ ಸೋರೆಬುರುಡೆಯನ್ನು ಮೊಣಕಾಲ ಸಂದಿಗೆ ಸಿಕ್ಕಿಸಿಕೊಂಡು, ವುನೆಯ ಕಿವಿಗೆ ಎಂದಿನದನ್ನೇ ಹೇಳಿದಳು.