ಕಿಸೆಯಲ್ಲಿದ್ದ ಕುದುರೆ

ಮುರಗೋಡದ ಬಸ್ಸಿನಲ್ಲಿ ನನ್ನ ಪಕ್ಕ ಕೂತಿದ್ದ ಹಿರಿಯರು ನನಗೆ ತಲೆ ಕೆಟ್ಟಿದೆ ಎಂದೇ ತಿಳಿದು ಇಳಿದು ಹೋಗಿರಬೇಕು. ತಪ್ಪು ಅವರದಲ್ಲ.

ಬೈಲಹೊಂಗಲದಲ್ಲಿ ಬಸ್ಸು ಹತ್ತಿ ಕೂತಿದ್ದೆನಷ್ಟೇ, ಹೆಂಡತಿಯ ಫೋನು ಬಂತು. ಬಸ್ಸಿನಲ್ಲಿ ಫೋನು ಬಂದರೆ ಇಡೀ ಬಸ್ಸಿಗೆ ಕೇಳುವಂತೆ ಮಾತಾಡುವುದು ನಮ್ಮ ಊರಿನ ಪದ್ಧತಿ. ನಾನೂ ಮಾತಾಡಿದೆ. "ಹೂಂ, ಕುದುರಿ ನನ್ನ ಕಡೇನ ಐತಿ. ನಿನ್ನೆ ಪುಣೆಯಿಂದ ಕೊರಿಯರ್‌ನ್ಯಾಗ ಬಂತಲ್ಲ, ಅದ. ಕೂಡಸಾಕ ಮುರಗೋಡಕ್ಕ ಹೊಂಟೇನಿ."

ಆಕೆ ಆ ಕಡೆಯಿಂದ, "ಕುದುರಿ ಹಗೂರ ಇರ್ಲಿ ಅಂತ ಹೇಳ್ರಿ. ಮರೀಬ್ಯಾಡ್ರಿ" ಎಂದಳು. ಹೂಂ ಎಂದು ಫೋನಿಟ್ಟೆ.

ಪಕ್ಕದ ಹಿರಿಯರು ರುಮಾಲು ಸರಿಮಾಡಿಕೊಂಡು ಕೇಳಿದರು. "ಸರ, ಕುದುರಿ ಈಗ ಕೊರಿಯರ್‌ನ್ಯಾಗ ಕಳಸ್ತಾರನ್ರಿ?"

"ಹೂನ್ರಿ. ಸಣ್ಣದ ಐತಿ."

"ಮರಿ ಏನ್ರಿ?"

"ಅಲ್ರಿ. ಬೆರಳಷ್ಟ ಐತಿ."

ಅವರು ತಡೆಯಲಾಗದೆ, "ಈಗ ಎಲ್ಲೈತ್ರಿ ಅದು?" ಎಂದರು.

"ಅಂಗಿ ಕಿಸೇದಾಗ ಐತ್ರಿ" ಎಂದು ಕಿಸೆ ಮುಟ್ಟಿ ತೋರಿಸಿದೆ. ಮುಂದಿನ ಸ್ಟಾಪಿನಲ್ಲಿ ಒಂದು ಸೀಟು ಖಾಲಿಯಾಯಿತು. ಹಿರಿಯರು ಎದ್ದು ಅಲ್ಲಿ ಹೋಗಿ ಕೂತರು.

ನಿಮಗೆ ಗೊತ್ತಿರಬಹುದು. ಬಂದೂಕಿನಲ್ಲಿ ಬೆರಳಿಟ್ಟು ಎಳೆಯುವ ಟ್ರಿಗರ್‌ಗೆ ನಮ್ಮ ಕಡೆ ಕುದುರೆ ಎನ್ನುತ್ತಾರೆ. ನನ್ನ ಕಿಸೆಯಲ್ಲಿದ್ದದ್ದು ಅದು. ಕಾಲ ಸಂದಿಯಲ್ಲಿ ನಿಲ್ಲಿಸಿಕೊಂಡಿದ್ದ ಉದ್ದನೆಯ ಚೀಲದಲ್ಲಿ ಅದನ್ನು ಕೂಡಿಸಬೇಕಾದ ಏರ್ ರೈಫಲ್ ಇತ್ತು. (ಗಾಳಿಯ ಒತ್ತಡದಿಂದ ಹೊಡೆಯುವ, ಸ್ಪರ್ಧೆಯ ರೈಫಲ್. ಅದರ ಗುಂಡು ಕಡಲೆಕಾಳಿಗಿಂತ ಚಿಕ್ಕದು. ಹಾಗಂತ ಬಸ್ಸಿನಲ್ಲಿ ಚೀಲ ಬಿಚ್ಚಿ ಹಿರಿಯರಿಗೆ ವಿವರಿಸುವ ಧೈರ್ಯ ನನಗಿರಲಿಲ್ಲ. ಹುಚ್ಚ ಅನ್ನಿಸಿಕೊಳ್ಳುವುದೇ ಕ್ಷೇಮ.)

ರೈಫಲ್ ನನ್ನದಲ್ಲ, ಹೆಂಡತಿಯದು. ಶಕುಂತಲಾ ಉಗರಗೋಳದ ಒಂದು ಹೈಸ್ಕೂಲಿನಲ್ಲಿ ಪಿ.ಟಿ. ಟೀಚರು. ಇಪ್ಪತ್ನಾಲ್ಕು ವರ್ಷಗಳಿಂದ ಊರಿನ ಹೆಣ್ಣುಮಕ್ಕಳನ್ನು ಓಡಿಸಿದ್ದಾಳೆ, ಜಿಗಿಸಿದ್ದಾಳೆ, ಅವರ ಬೆನ್ನಿಗೆ ನಂಬರು ಚುಚ್ಚಿ ಮೈದಾನಕ್ಕೆ ಕಳಿಸಿದ್ದಾಳೆ. ಈಗ ನಲವತ್ತೊಂಬತ್ತು. ಮೂರು ವರ್ಷದ ಹಿಂದೆ ಯಾವುದೋ ತರಬೇತಿಯಲ್ಲಿ ಏರ್ ರೈಫಲ್ ಹಿಡಿದು ನೋಡಿದವಳು ಬಿಡಲೇ ಇಲ್ಲ. "ಒಮ್ಮೆರ ನನ್ನ ಬೆನ್ನಿಗೂ ಒಂದು ನಂಬರ್ ಇರ್ಲಿ" ಎಂದಳು. ಅಷ್ಟು ಸಣ್ಣ ಆಸೆ. ನಾನು ಏನು ಹೇಳಲಿ?

ನಮ್ಮದು ಸಾಲುಮನೆ, ಅಗಲ ಕಡಿಮೆ, ಉದ್ದ ಹೆಚ್ಚು. ಮುಂಬಾಗಿಲಿನಿಂದ ಹಿತ್ತಲ ಬಾಗಿಲಿಗೆ ಟೇಪು ಹಿಡಿದು ಅಳೆದರೆ ಹತ್ತು ಮೀಟರಿಗೆ ಇನ್ನೊಂದಿಷ್ಟು ಸೇರುತ್ತದೆ. ಸ್ಪರ್ಧೆಯ ದೂರವೂ ಹತ್ತು ಮೀಟರು. ಮನೆ ಕಟ್ಟಿದ ನಮ್ಮಜ್ಜನಿಗೆ ಈ ಮುಂದಾಲೋಚನೆ ಇತ್ತೆಂದು ನಾನು ನಂಬುವುದಿಲ್ಲ. ಆದರೂ ಬೆಳಿಗ್ಗೆ ಆರರಿಂದ ಏಳರವರೆಗೆ ಪಡಸಾಲೆಯಿಂದ ಅಡುಗೆಮನೆಗೆ ಹೋಗುವ ದಾರಿ ಬಂದ್. ಆರಕ್ಕೆ ಮೊದಲು ಅಡುಗೆಮನೆ ಸೇರಿಕೊಂಡರೆ ನನಗೆ ಚಹಾ ಉಂಟು. ಇಲ್ಲವಾದರೆ ಇಲ್ಲ. ಆಕೆ "ಆತು" ಎನ್ನುವ ತನಕ ಯಾರೂ ತಲೆ ಹೊರಗೆ ಹಾಕುವಂತಿಲ್ಲ.

ಕಳೆದ ವರ್ಷ ಜಿಲ್ಲಾ ತಂಡದ ಆಯ್ಕೆಯಲ್ಲಿ ನಾಲ್ಕನೆಯವಳಾದಳು. ತಂಡಕ್ಕೆ ತೆಗೆದುಕೊಂಡದ್ದು ಮೂವರನ್ನು. ಬಂದು ಏನೂ ಅಳಲಿಲ್ಲ, ರೈಫಲಿನ ಕುದುರೆಯನ್ನು ಬೈದಳು. ಸೆಕೆಂಡ್ ಹ್ಯಾಂಡ್ ಮಾಲು. ಕುದುರೆ ಒರಟು, ಬಿಗಿ. ಎಳೆಯುತ್ತಾ ಹೋದರೆ ನಡುವೆ ಎಲ್ಲೋ ತಡವರಿಸಿ, ಆಮೇಲೆ ಒಮ್ಮೆಲೇ ಕಿತ್ತುಕೊಂಡು ಬರುತ್ತಿತ್ತು. ಈ ಸಲ ಬೇರೆ ಕಂಪನಿಯ ಹೊಸ ಕುದುರೆ ತರಿಸಿದಳು. ಕೂಡಿಸುವವರು ಯಾರು? ರೈಫಲ್ ಕಳಿಸಿದರೆ ಎರಡು ವಾರ ಬೇಕು ಎಂದ ಪುಣೆಯ ಅಂಗಡಿಯವ. ಕಿತ್ತೂರಿನಲ್ಲಿ ಆಯ್ಕೆ ಇದ್ದದ್ದು ಬರುವ ಭಾನುವಾರ.

ಹಾಗಾಗಿ ಮುರಗೋಡದ ದಸ್ತಗೀರಸಾಬರು.

ಬಸ್ ಸ್ಟ್ಯಾಂಡಿನ ಹತ್ತಿರ ಅವರದೊಂದು ಹೊಲಿಗೆ ಯಂತ್ರ ರಿಪೇರಿ ಅಂಗಡಿ. ಎಪ್ಪತ್ತರ ಆಸುಪಾಸು. ಅವರ ತಂದೆ ಬಂದೂಕು ರಿಪೇರಿಯವರು. ರಾಮದುರ್ಗದ ಗುಡ್ಡದ ಕಡೆಯಿಂದ ರೈತರು ಹಂದಿಗಳಿಂದ ಬೆಳೆ ಕಾಯುವ ಲೈಸೆನ್ಸಿನ ಬಂದೂಕು ತರುತ್ತಿದ್ದರಂತೆ. ತಂದೆಯ ಜೊತೆ ಆ ಕೆಲಸ ಹೋಯಿತು, ಕೈ ಉಳಿಯಿತು. ಸ್ಪರ್ಧೆಯ ಕುದುರೆಯನ್ನು ಸಾಬರು ಹಿಂದೆಂದೂ ನೋಡಿರಲಿಲ್ಲ. ಅಂಗೈ ಮೇಲಿಟ್ಟುಕೊಂಡು ಹೊಸ ಸೊಸೆಯನ್ನು ನೋಡುವ ಹಾಗೆ ತಿರುಗಿಸಿ ತಿರುಗಿಸಿ ನೋಡಿದರು.

"ಇದಕ್ಕ ಕುದುರಿ ಅಂತ ಯಾಕಂತಾರ್ರಿ ಸಾಬರ?" ಎಂದು ಕೇಳಿದೆ.

"ಮರಾಠ್ಯಾಗೂ ಘೋಡಾನ ಅಂತಾರ್ರಿ. ಹಳೇ ಬಂದೂಕಿನ ಮ್ಯಾಲ ಒಂದು ಬಾಗಿದ ಕಬ್ಬಿಣ ಇರ್ತಿತ್ತು, ಕುದುರಿ ತಲಿ ಹಂಗ. ಅದನ್ನ ಹಿಂದ ಎಳದು ನಿಂದ್ರಸಬೇಕು. ಖರೇ ಕುದುರಿ ಅದು. ಬರ್ತಾ ಬರ್ತಾ ಅದು ಒಳಗ ಹೋತು, ಹೆಸರು ಕೆಳಗಿಳದು ಬೆರಳಿಗೆ ಬಂತು" ಎಂದರು.

ಇದು ನಿಜವೋ, ಸಾಬರ ಕಲ್ಪನೆಯೋ ನನಗೆ ಗೊತ್ತಿಲ್ಲ. ನನಗಂತೂ ಖುಷಿಯಾಯಿತು. ಹೆಂಡತಿಯ ಮಾತನ್ನು ಅಕ್ಷರ ಬಿಡದೆ ಮುಟ್ಟಿಸಿದೆ. "ಹಗೂರ ಇರ್ಲಿ ಅಂದಾಳ್ರಿ."

"ಹಗೂರ? ಆಗ್ಲಿ" ಎಂದು ತಲೆಯಾಡಿಸಿದರು.

ಎರಡು ತಾಸು ಹಿಡಿಯಿತು. ಹಳೆಯದು ಹೊರಬಂತು, ಹೊಸದು ಒಳಗೆ ಹೋಯಿತು. ಖಾಲಿ ರೈಫಲ್ ಗೋಡೆಯ ಕಡೆ ಹಿಡಿದು ಸಾಬರು ಎಳೆದು ನೋಡುವುದು, ಒಂದು ಸಣ್ಣ ಸ್ಕ್ರೂ ಅರ್ಧ ಸುತ್ತು ತಿರುವುವುದು, ಕಣ್ಣು ಮುಚ್ಚಿಕೊಂಡು ಮತ್ತೆ ಎಳೆಯುವುದು. ಎಷ್ಟು ಸಲವೋ. ಕೊನೆಗೆ ಮೊಮ್ಮಗಳ ಉಗುರುಬಣ್ಣದ ಬಾಟಲಿ ತೆಗೆದು ಆ ಸ್ಕ್ರೂ ತಲೆಗೆ ಒಂದು ಕೆಂಪು ಚುಕ್ಕಿ ಇಟ್ಟರು. ದೃಷ್ಟಿಯಾಗದಿರಲಿ ಅಂತ ಇಟ್ಟಿರಬೇಕು ಎಂದುಕೊಂಡೆ. ಕೈಮುಗಿದು ಮನೆಗೆ ಬಂದೆ.

ಸಂಜೆ. ಶಕುಂತಲಾ ಇನ್ನೂ ಶಾಲೆಯಿಂದ ಬಂದಿರಲಿಲ್ಲ. ಕುತೂಹಲ ತಡೆಯದೆ ಖಾಲಿ ರೈಫಲನ್ನು ಗೋಡೆಗೆ ಹಿಡಿದು ಕುದುರೆ ಎಳೆದೆ. ಬೆರಳಿಗೆ ಭಾರ ಗೊತ್ತಾಗುತ್ತಿತ್ತು. ಸ್ವಲ್ಪ ದೂರ ಬಂದು ಅದು ಒಂದು ಕಡೆ ನಿಲ್ಲುತ್ತಿತ್ತು. ಇನ್ನೂ ಒತ್ತಿದರೆ ಮಾತ್ರ ಬಿಡುತ್ತಿತ್ತು.

ಇದೇನು ಹಗುರ? ಸಾಬರಿಗೆ ವಯಸ್ಸಾಯಿತು, ಪಾಪ, ಎಂದುಕೊಂಡೆ. ನನ್ನ ಚಾಳೀಸಿನ ಡಬ್ಬಿಯಲ್ಲಿ ಒಂದು ಕಡ್ಡಿಯಷ್ಟು ಸ್ಕ್ರೂ ಡ್ರೈವರ್ ಇದೆ. ಕೆಂಪು ಚುಕ್ಕಿಯ ಆ ಸ್ಕ್ರೂ ತಿರುವಿದೆ. ಎಷ್ಟು ಸುತ್ತು ಎಂದು ಕೇಳಬೇಡಿ. ಈಗ ಕುದುರೆ ಹೂವಿನಂತಾಯಿತು, ಬೆರಳು ಸೋಕಿದರೆ ಸಾಕು. ಹೆಂಡತಿಗೆ ಹೇಳಲಿಲ್ಲ. ತಾನಾಗಿ ಕಂಡು ಖುಷಿಪಡಲಿ ಎಂದು ಬಿಟ್ಟೆ. (ಗಂಡಂದಿರ ಬಹಳಷ್ಟು ಅನಾಹುತಗಳು ಈ ಖುಷಿಪಡಿಸುವ ಹಂಬಲದಿಂದಲೇ ಆಗುತ್ತವೆ.)

ಮರುದಿನ ಬೆಳಿಗ್ಗೆ ನಾನು ಅಡುಗೆಮನೆಯಲ್ಲಿ ಚಹಾಕ್ಕೆ ನೀರಿಟ್ಟಿದ್ದೆ. ಟಪ್ ಎಂದು ಸದ್ದಾಯಿತು. "ಆತು" ಎಂಬ ಮಾತು ಬರಲಿಲ್ಲ. ಬಹಳ ಹೊತ್ತಿನ ಮೇಲೆ "ಹೊರಗ ಬರ್ರಿ" ಎಂದಳು.

ಗುರಿ ಇದ್ದದ್ದು ಹಿತ್ತಲ ಬಾಗಿಲ ಬಳಿ. ಗುಂಡು ಹೊಕ್ಕಿದ್ದು ಅಡುಗೆಮನೆಯ ಚೌಕಟ್ಟಿಗೆ. ನಾನು ಇಣುಕಿದ್ದರೆ ನನ್ನ ಕಿವಿ ಇರುತ್ತಿದ್ದ ಎತ್ತರಕ್ಕೆ. ರೈಫಲನ್ನು ಇನ್ನೂ ಗುರಿಗೆ ತರುತ್ತಿದ್ದಳಂತೆ. ಬೆರಳು ಕುದುರೆಯ ಮೇಲೆ ಸುಮ್ಮನೆ ಕೂತಿತ್ತಂತೆ, ಅಷ್ಟೇ. ಆಕೆ ರೈಫಲನ್ನು ನೆಲಕ್ಕಿಟ್ಟು ಎರಡು ಹೆಜ್ಜೆ ಹಿಂದೆ ಸರಿದಿದ್ದಳು.

"ಇದನ್ನ ಯಾರ ಮುಟ್ಟ್ಯಾರ?"

"ಸಾಬರ ಹಂಗ ಕೂಡ್ಸ್ಯಾರ ನೋಡು. ವಯಸ್ಸಾತು ಅವ್ರಿಗೆ" ಎಂದೆ.

ಯೋಚಿಸಿ ಹೇಳಿದ ಸುಳ್ಳಲ್ಲ. ಆಕೆಯ ಪ್ರಶ್ನೆ ಮುಗಿಯುವ ಮೊದಲೇ ಅದು ಹೊರಗೆ ಹೋಗಿತ್ತು.

"ಭಾನುವಾರಕ್ಕ ಮೂರ ದಿನ ಉಳದಾವ" ಎಂದು ಆಕೆ ಚಪ್ಪಲಿ ಮೆಟ್ಟಿದಳು. "ನಡೀರಿ ಮುರಗೋಡಕ್ಕ."

ಅಂಗಡಿಯಲ್ಲಿ ಹೊಲಿಗೆ ಯಂತ್ರ ತಂದಿದ್ದ ಇಬ್ಬರು ಹೆಣ್ಣುಮಕ್ಕಳು ಕೂತಿದ್ದರು. ಅವರ ಎದುರಿಗೇ ಶಕುಂತಲಾ ಹೇಳಿದಳು. ಜಗಳವಾಡುವ ದನಿಯಲ್ಲ, ಮೆತ್ತಗೇ ಹೇಳಿದಳು. "ಸಾಬರ, ಬೆರಳ ಇಡೂದ ತಡ, ಹೊಡದಬಿಡ್ತರಿ. ಸ್ವಲ್ಪದರಾಗ ಉಳಕೊಂಡ್ರು ಇವ್ರು."

ಸಾಬರ ಮುಖ ಬಿಳಿಚಿಕೊಂಡಿತು. ಕೂತಿದ್ದ ಹೆಣ್ಣುಮಕ್ಕಳಲ್ಲಿ ಒಬ್ಬಾಕೆ ತನ್ನ ಯಂತ್ರವನ್ನು ಸ್ವಲ್ಪ ತನ್ನ ಕಡೆ ಎಳೆದುಕೊಂಡಳು. ಅದನ್ನು ಸಾಬರೂ ನೋಡಿದರು, ನಾನೂ ನೋಡಿದೆ. ಐವತ್ತು ವರ್ಷದ ಕೈಯ ಮೇಲಿನ ನಂಬಿಕೆ ಅಷ್ಟೇ ಅಷ್ಟು ಸರಿಯಿತು. ನಾನು ಆಗಲೂ ಬಾಯಿ ಬಿಡಲಿಲ್ಲ. ಈಗ ಬರೆಯುವಾಗ ನಾಚಿಕೆಯಾಗುತ್ತದೆ.

ಸಾಬರು ಚಾಳೀಸು ಒರೆಸಿಕೊಂಡರು. ಭೂತಗನ್ನಡಿ ಹಿಡಿದು ಬಗ್ಗಿ ಸ್ಕ್ರೂ ನೋಡಿದರು. ಕೆಂಪು ಚುಕ್ಕಿ ಎರಡು ಹೋಳಾಗಿತ್ತು. ಒಂದು ಹೋಳು ಸ್ಕ್ರೂ ಜೊತೆ ತಿರುಗಿ ಎಲ್ಲೋ ಹೋಗಿತ್ತು, ಇನ್ನೊಂದು ಇದ್ದಲ್ಲೇ ಇತ್ತು.

ದೃಷ್ಟಿಬೊಟ್ಟು ಅಲ್ಲ ಅದು. ಆ ಅಂಗಡಿಯಿಂದ ಹೋಗುವ ಪ್ರತಿ ಯಂತ್ರದ ಸ್ಕ್ರೂಗೂ ಸಾಬರು ಇಡುವ ಗುರುತು. ಆಮೇಲೆ ಬೇರೆಯವರ ಕೈ ಆಡಿದರೆ ಗೊತ್ತಾಗಲಿ ಎಂದು.

ಅವರು ನನ್ನ ಕಡೆ ನೋಡಿದರು. ಒಂದು ಮಾತು ಆಡಿದ್ದರೆ ಸಾಕಿತ್ತು. ಆಡಲಿಲ್ಲ. "ನನ್ನ ಕಣ್ಣ ಹೋದುವೇನೋ ಅಂತ ಅಂಜಿದ್ದೆ ಅಕ್ಕಾರ" ಎಂದು ಅವಳಿಗೆ ಹೇಳಿ ಭೂತಗನ್ನಡಿ ಕೆಳಗಿಟ್ಟರು.

"ನಾ ತಿರುವೇನಿ" ಎಂದೆ. ಎಲ್ಲರಿಗೂ ಕೇಳುವಂತೆ, ಬಸ್ಸಿನಲ್ಲಿ ಮಾತಾಡುವ ದನಿಯಲ್ಲೇ. "ಸಾಬರದೇನೂ ತಪ್ಪಿಲ್ಲ. ಹಗುರ ಆಗಿಲ್ಲ ಅಂತ ನಿನ್ನೆ ಸಂಜೀಕ ನಾನ ತಿರುವೇನಿ."

ಶಕುಂತಲಾ ನನ್ನನ್ನು ನೋಡಿದ ನೋಟವನ್ನು ಇಲ್ಲಿ ವರ್ಣಿಸುವುದಿಲ್ಲ. "ನಾ ಯಾವಾಗ ಹಗುರ ಅಂದೆ? ಹಗೂರ ಅಂದೆ" ಎಂದಳು.

ಸಾಬರು ನಕ್ಕುಬಿಟ್ಟರು. "ಸರ, ನೀವು ಪೇಪರಿನ್ಯಾಗ ಬರಿಯೋರು. ತಕ್ಕಡಿದು ಹಗುರ ಬ್ಯಾರೆ, ನಡಿಗಿದು ಹಗೂರ ಬ್ಯಾರೆ. ಅಕ್ಕಾರು ಹೇಳಿದ್ದು ಸಾವಕಾಶ ಅಂತ. ಕುದುರಿ ಹಗೂರ ಬರಬೇಕು. ಬಂದು ಒಂದ ಕಡೆ ನಿಂದ್ರಬೇಕು. ನಿಂತು, 'ಬಿಡ್ಲೇನು?' ಅಂತ ಕೇಳಬೇಕು. ಹೂಂ ಅಂದ ಮ್ಯಾಲ ಬಿಡಬೇಕು."

ಹೌದಲ್ಲ! ಹುಟ್ಟಿದಾಗಿನಿಂದ ಕೇಳಿದ ಮಾತು. ಗಾಡಿ ಜೋರು ಓಡಿಸಿದರೆ "ಹಗೂರ ಹೋಗೋ" ಎಂದು ಅವ್ವ ಸಾವಿರ ಸಲ ಹೇಳಿದ್ದಾಳೆ. ಆಗೇನು ಗಾಡಿಯ ತೂಕ ಇಳಿಸಿದ್ದೆನೇ? ಮೂವತ್ತು ವರ್ಷ ಅಚ್ಚಿನ ಕನ್ನಡ ಬರೆದೂ ಬರೆದೂ ಮನೆಯ ಕನ್ನಡ ಕಿವಿಗೆ ಬೀಳದಂತಾಗಿದೆ.

ಸಾಬರು ಹೇಳಿದ ಆ "ಬಿಡ್ಲೇನು?" ಮಾತ್ರ ನನ್ನನ್ನು ಬಿಡಲೊಲ್ಲದು. ಬೆರಳಷ್ಟು ಕಬ್ಬಿಣದ ತುಂಡು ನಿಂತು ಕೇಳುತ್ತದೆ. ನಾವು? ಮನೆಮಂದಿಯ ವಾಟ್ಸಾಪ್ ಗ್ರೂಪಿನಲ್ಲಿ ನಾನು ಆಡಿ, ಆಮೇಲೆ ಅಳಿಸಲು ಒದ್ದಾಡಿದ ಮಾತುಗಳೆಷ್ಟು? ಕಾಮೆಂಟು, ಫಾರ್ವರ್ಡು, ಹಾರ್ನು, ಬೈಗುಳ, ಎಲ್ಲದರ ಕುದುರೆಯೂ ನಾನು ತಿರುವಿದ ಕುದುರೆಯಂತೆಯೇ ಆಗಿದೆ. ಸೋಕಿದರೆ ಹೋಯಿತು. ಒಬ್ಬ ಮುದುಕರ ಹೆಸರು ಕೆಡಿಸುವ ಸುಳ್ಳು ನನ್ನ ಬಾಯಿಂದ ಹೋದದ್ದೂ ಹಾಗೆಯೇ. ನಡುವೆ ಎಲ್ಲೂ ನಿಲ್ಲಲಿಲ್ಲ, ಕೇಳಲಿಲ್ಲ.

ಸಾಬರು ಮತ್ತೆ ತಾಸುಗಟ್ಟಲೆ ಕೂತು ಕುದುರೆಯನ್ನು ಮೊದಲಿನ ಹದಕ್ಕೆ ತಂದರು. ಹಳೆಯ ಬಣ್ಣ ಕೆರೆದು ಹೊಸ ಚುಕ್ಕಿ ಇಟ್ಟರು. ರೈಫಲನ್ನು ಶಕುಂತಲೆಯ ಕೈಗೇ ಕೊಟ್ಟರು. ನಾನು ಕೈ ಚಾಚಿದ್ದೆ, ಅದು ಅವರಿಗೆ ಕಾಣಲಿಲ್ಲ ಅಂತ ಇಟ್ಟುಕೊಳ್ಳೋಣ.

ಭಾನುವಾರ ಕಿತ್ತೂರಿನ ಹಾಲ್‌ನಲ್ಲಿ ಹಿಂದಿನ ಸಾಲಿನ ಕುರ್ಚಿಯಲ್ಲಿ ಕೂತು ನೋಡಿದೆ. ಹೊರಗೆ ಹೈವೇಯ ಲಾರಿಗಳ ಸದ್ದು. ಶುರುವಾಗುವ ಮೊದಲು ಆಕೆ ಬಗ್ಗಿ ಕೆಂಪು ಚುಕ್ಕಿ ನೋಡಿಕೊಂಡಳು. ಆಮೇಲೆ ನನ್ನ ಕಡೆ ಒಮ್ಮೆ ನೋಡಿದಳು. ನಾನು ಎರಡೂ ಕೈ ಎತ್ತಿ ತೋರಿಸಿದೆ. ಪ್ರತಿ ಸಲ ಕುದುರೆ ಎಳೆಯುವಾಗ ಒಂದು ಗಳಿಗೆ ನಿಲ್ಲುತ್ತಿದ್ದಳು. ಆ ಗಳಿಗೆಯಲ್ಲಿ ಅದು ಕೇಳುತ್ತಿದೆ ಎಂದು ನನಗೆ ಗೊತ್ತಿತ್ತು. ಹಾಲ್‌ನಲ್ಲಿ ಇನ್ಯಾರಿಗೂ ಗೊತ್ತಿರಲಿಲ್ಲ.

ಮೂರನೆಯವಳಾದಳು. ಬೇಕಾದ್ದು ಅಷ್ಟೇ. ತಂಡದವರಿಗೆ ಅಲ್ಲೇ ಕೊಟ್ಟ ನಂಬರನ್ನು ಬೆನ್ನಿಗೆ ಚುಚ್ಚಿಕೊಂಡು ಕಿತ್ತೂರಿನಿಂದ ಬೈಲಹೊಂಗಲದವರೆಗೆ ಬಸ್ಸಿನಲ್ಲಿ ಬಂದಳು. ಹಿಂದಿನ ಸೀಟಿನವರೆಲ್ಲ ಓದಲಿ ಎಂದು ಬೆನ್ನು ಆನಿಸದೆ ನೆಟ್ಟಗೆ ಕೂತಿದ್ದಳು. ಇಳಿದ ಮೇಲೆ ಮೊದಲ ಫೋನು ಸಾಬರಿಗೆ ಹೋಯಿತು. ಅದು ಮುಗಿಯುವ ತನಕ ನಾನು ಚೀಲ ಹಿಡಿದು ನಿಂತಿದ್ದೆ.

ಮನೆ ಮುಟ್ಟಿದರೆ ಎದುರುಮನೆಯ ಮಾಸ್ತರರು ಕಟ್ಟೆಯ ಮೇಲೆ. "ಅಕ್ಕಾರು ಗೆದ್ದರಂತಲ್ರಿ? ಹೆಂಗಾತು ಇದು?"

ನಾನು ಎದೆ ಉಬ್ಬಿಸಿ, "ಮತ್ತೇನ್ರಿ, ಕುದುರಿ ಹೊಂದಿಸಿ ಕೊಟ್ಟಾವ ನಾನ ಅಲ್ಲೇನ್ರಿ" ಎಂದೆ. ಹೊರಗೆ ಹೋಯಿತು ಮಾತು, ಬೆರಳು ಸೋಕಿದ ಕುದುರೆಯ ಹಾಗೆ.

ಒಳಗೆ ಹೋಗಿದ್ದವಳು ಬಾಗಿಲಿಗೆ ಬಂದಳು. ಕೈಯಲ್ಲಿ ಹೊಚ್ಚ ಹೊಸ ಉಗುರುಬಣ್ಣದ ಬಾಟಲಿ. ಮುಚ್ಚಳ ಬಿಚ್ಚುತ್ತಾ ಹಗೂರ ಕೇಳಿದಳು:

"ನಿಮ್ಮ ನಾಲಿಗಿಗೂ ಒಂದು ಚುಕ್ಕಿ ಇಡ್ಲೇನ್ರಿ?"