ಹಾಜರಿ ಅತ್ತೆ

ನಮ್ಮ ನೀರು ಸರಬರಾಜು ಕಚೇರಿಯಲ್ಲಿ ಆಕೆಗೆ ಕೆಲಸವೇನೂ ಇರಲಿಲ್ಲ. ಆದರೂ ಒಂಬತ್ತು ವರ್ಷ ಒಂದು ದಿನವೂ ತಪ್ಪದೆ ಬಂದವಳು ಆಕೆಯೊಬ್ಬಳೇ. ಬೆಳಿಗ್ಗೆ, ನಮ್ಮಲ್ಲಿ ಕೆಲಸಕ್ಕಿದ್ದ ಸೊಸೆಯ ಬೆನ್ನಿಗೇ ಬಂದು, ಗೇಟಿನ ಪಕ್ಕದ ಸೈಕಲ್ ಶೆಡ್ಡಿನಲ್ಲಿ ಕೈ ಮುರಿದ ಕುರ್ಚಿಯ ಮೇಲೆ ಕೂರುತ್ತಿದ್ದಳು. ಸಂಜೆ ಐದೂವರೆಗೆ ಸೊಸೆಯನ್ನು ಕರೆದುಕೊಂಡೇ ಏಳುತ್ತಿದ್ದಳು. ಯಾರು ಎಷ್ಟು ತಡವಾಗಿ ಬಂದರು, ಊಟಕ್ಕೆ ಹೋದವರಲ್ಲಿ ಯಾರು ತಿರುಗಿ ಬರಲಿಲ್ಲ, ಎಲ್ಲವೂ ಆಕೆಗೆ ಬಾಯಿಪಾಠ. ಹಾಗಾಗಿ ನಾವು ಇಟ್ಟ ಹೆಸರು ಹಾಜರಿ ಅತ್ತೆ. ನಮ್ಮಂಥ ಮೈಗಳ್ಳರಿಗೆ ಸಾಹೇಬರಿಗಿಂತ ಆಕೆಯದೇ ಹೆಚ್ಚು ಭಯ.

ಆಕೆಯ ಮಗ ನಮ್ಮಲ್ಲೇ ಮೀಟರ್ ರೀಡರ್ ಆಗಿದ್ದ. ಸೇವೆಯಲ್ಲಿದ್ದಾಗಲೇ, ಮೂವತ್ತೊಂದನೇ ವಯಸ್ಸಿಗೆ, ನಾಲ್ಕು ದಿನದ ಜ್ವರದಲ್ಲಿ ತೀರಿಕೊಂಡ. ಮಕ್ಕಳಿರಲಿಲ್ಲ. ಅನುಕಂಪದ ನೌಕರಿ ಮನೆಯಲ್ಲಿ ಒಬ್ಬರಿಗೆ ಮಾತ್ರ. ಉಳಿದವರು ತಕರಾರಿಲ್ಲವೆಂದು ಬರೆದುಕೊಡಬೇಕು. ನೌಕರಿಯನ್ನು ತನ್ನ ಹೆಂಡತಿಗೆ, ಅಂದರೆ ಮುದುಕಿಯ ಮಗಳಿಗೇ, ಕೊಡಿಸಬೇಕೆಂದು ಅಳಿಯ ಹಟ ಹಿಡಿದ.

"ಸೊಸೆಗಿನ್ನೂ ಇಪ್ಪತ್ತಾರು. ನೌಕರಿ ಸಿಕ್ಕಿದ್ಮೇಲೆ ಇನ್ನೊಬ್ಬನ ಕೈ ಹಿಡಿದು ಹೋಗ್ತಾಳೆ. ಆಮೇಲೆ ನಮ್ಮ ಬಾಗಿಲು ತಟ್ಟಬೇಡಿ, ಅತ್ತೆ" ಎಂದ.

ಮುದುಕಿಗೆ ಅಳಿಯನ ಮೇಲೆ ನಂಬಿಕೆಯಿರಲಿಲ್ಲ. ಸೊಸೆಗೇ ಬರೆದುಕೊಟ್ಟಳು. ಅವಳನ್ನಾದರೂ ನಂಬಿದಳೇ? ಅದೂ ಇಲ್ಲ. ಅತ್ತೆಯನ್ನು ಕೊನೆತನಕ ಸಾಕುತ್ತೇನೆಂದು ಸೊಸೆ ಕಚೇರಿಗೆ ಬರೆದುಕೊಟ್ಟ ಮುಚ್ಚಳಿಕೆಯ ನಕಲನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ, ಚೀಲದಲ್ಲಿಟ್ಟುಕೊಂಡೇ ಓಡಾಡುತ್ತಿದ್ದಳು. ಹಕ್ಕಿ ಎಲ್ಲಿ ಹಾರಿಬಿಡುತ್ತದೋ ಎಂದು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾದಳು.

ಸೊಸೆ ನಕ್ಕರೆ, ಯಾರ ಜೊತೆ ನಗು? ಹೊಸ ಚಪ್ಪಲಿ ಹಾಕಿದರೆ, ಯಾರು ನೋಡಲಿ ಅಂತ? ಕಾಮಾಲೆ ಕಣ್ಣಿಗೆ ಕಂಡದ್ದೆಲ್ಲ ಹಳದಿ. ಆ ರೋಗ ನಮಗೂ ಅಂಟಿತು. ಬೆಂಕಿಯಿಲ್ಲದೆ ಹೊಗೆಯಾಡುತ್ತದೆಯೇ ಎಂದುಕೊಂಡು ನಾನು ಟೈಪಿಸ್ಟನ ಮೇಲೆ ಕಣ್ಣಿಟ್ಟೆ. ಅವಳು ಅವನ ಮೇಜಿಗೆ ದಿನಕ್ಕೆ ಮೂರು ಸಲ ಹೋಗುತ್ತಿದ್ದಳು. ಕಾಗದ ಕೊಡಲು ಒಂದು ಸಲ, ತರಲು ಒಂದು ಸಲ. ಮೂರನೆಯದು ಯಾಕೆ? ಈಗ ಹೇಳಿಕೊಳ್ಳಲು ನಾಚಿಕೆಯಾಗುತ್ತದೆ, ಅದನ್ನೂ ಲೆಕ್ಕವಿಟ್ಟವನು ನಾನು.

ಒಂದು ಮಧ್ಯಾಹ್ನ ಕಾವಲುಗಾರ ಸುಮ್ಮನಿರಲಾರದೆ ಆಕೆಯ ಕಿವಿಗೊಂದು ಮಾತು ಹಾಕಿದ.

"ಅಜ್ಜಿ, ನಿಮ್ಮ ಸೊಸೆ ಸೇರಿದ್ಮೇಲೆ ಬಂದವರೆಲ್ಲ ಬಡ್ತಿ ಸಿಕ್ಕಿ ಬೇರೆ ಊರಿಗೆ ಹೋದ್ರು. ಇವರೊಬ್ಬರೇ ಯಾಕೆ ಇಲ್ಲೇ ಇದ್ದಾರೆ?"

ಮುದುಕಿ ಶೆಡ್ಡು ಬಿಟ್ಟೆದ್ದಳು. ಮೊಣಕಾಲು ಹಿಡಿದುಕೊಂಡು ಮಹಡಿ ಹತ್ತಿ, ನೇರವಾಗಿ ನನ್ನ ಮೇಜಿಗೆ ಬಂದಳು. ಸಿಬ್ಬಂದಿಯ ಕಡತಗಳು ನನ್ನ ಸುಪರ್ದಿಗೆ ಬಂದು ಆಗಿನ್ನೂ ಹದಿನೈದು ದಿನ.

"ನೋಡಪ್ಪಾ, ಅವಳಿಗೆ ಬಡ್ತಿ ಯಾಕೆ ಬರ್ಲಿಲ್ಲ? ಇಲ್ಲಿ ಯಾರನ್ನೋ ಬಿಟ್ಟು ಹೋಗೋಕಾಗ್ತಿಲ್ಲ ಅವಳಿಗೆ. ಯಾರವನು? ಹೇಳ್ಬಿಡು. ಅವಳೂ ಹೋದ್ರೆ ನನಗೆ ಯಾರಿದ್ದಾರೆ?"

ತೋರಿಸಬಾರದ ಕಡತ ಅದು. ಆದರೆ ತಿಳಿಯುವ ಚಪಲ ನನಗೇನು ಕಡಿಮೆಯೇ? ಬೀರುವಿನಿಂದ ತೆಗೆದು ಬಿಡಿಸಿದೆ. ಬಡ್ತಿ ಎರಡು ಸಲ ಬಂದಿತ್ತು. ಎರಡು ಸಲವೂ ಅವಳು ಬೇಡವೆಂದು ಬರೆದುಕೊಟ್ಟಿದ್ದಳು.

"ನಾನು ಹೇಳ್ಲಿಲ್ವಾ! ಓದು, ಯಾರಿಗೋಸ್ಕರ ಅಂತ ಓದು" ಎಂದಳು ಮುದುಕಿ.

ಮೊದಲನೆಯ ಕಾಗದವನ್ನು ಓದಿದೆ.

"ಬಡ್ತಿ ಒಪ್ಪಿಕೊಂಡರೆ ಬೇರೆ ಊರಿಗೆ ಹೋಗಬೇಕಾಗುತ್ತದೆ. ಮಗ ಹೋದ ಮೇಲೆ ನನ್ನ ಅತ್ತೆಗೆ ನಾನು ಕಣ್ಣೆದುರಿಗಿಲ್ಲದಿದ್ದರೆ ಜೀವ ತಡೆಯುವುದಿಲ್ಲ. ಇಲ್ಲಿ ಅವರನ್ನು ಗೇಟಿನ ಹತ್ತಿರ ಕೂರಲು ಬಿಟ್ಟಿದ್ದಾರೆ. ಬೇರೆ ಕಚೇರಿಯಲ್ಲಿ ಬಿಡುತ್ತಾರೋ ಇಲ್ಲವೋ ತಿಳಿಯದು. ಆದ್ದರಿಂದ ನನಗೆ ಬಡ್ತಿ ಬೇಡ."

ನನಗೆ ತಲೆಯೆತ್ತಿ ನೋಡಲಾಗಲಿಲ್ಲ.

"ಇದು ಯಾವಾಗ ಬರೆದದ್ದು?" ಮುದುಕಿ ಕೇಳಿದಳು.

"ಐದು ವರ್ಷ ಆಯ್ತಮ್ಮ."

"ಐದು ವರ್ಷ! ಐದು ವರ್ಷದಿಂದ ನನ್ನ ಹತ್ರ ಮುಚ್ಚಿಟ್ಟಿದ್ದಾಳೆ! ಅವಳು ಏನೋ ಮುಚ್ಚಿಡ್ತಿದ್ದಾಳೆ ಅಂತ ನಾನು ಬಡ್ಕೊಳ್ತಾನೇ ಇರ್ಲಿಲ್ವಾ?"

ಜಗಳಕ್ಕೆ ನಿಂತವಳಂತೆ ಅಷ್ಟನ್ನೂ ಗಟ್ಟಿಯಾಗಿ ಕೇಳಿದಳು. ಕೇಳಿದವಳೇ ನನ್ನ ಮೇಜಿನ ಮೇಲೆ ತಲೆಯಿಟ್ಟು ಅತ್ತಳು.